ಮೂಕಿ ಚಿತ್ರದಲ್ಲಿ ಜನ ಯಾಕೆ ಓಡ್ತಾರೆ? ಓಡಲ್ಲ

ಹಬ್ಬದ ಮೆರವಣಿಗೆಯ ಹಳೇ ಮೂಕಿ ಚಿತ್ರ ಯಾವುದೇ ಇರಲಿ, ನೋಡಿದವರ ಮೊದಲ ಪ್ರಶ್ನೆ ಒಂದೇ: "ಜನ ಯಾಕೆ ಹೀಗೆ ಬಿರಬಿರನೆ ಓಡ್ತಾರೆ?" ಓಡಲ್ಲ. ಓಡಿಸ್ತಿರೋದು ನಿಮ್ಮ ಪ್ಲೇಯರ್. ಜತೆಗೆ "ಆಗಿನ ಕ್ಯಾಮೆರಾ ಅಷ್ಟೇ ಬಿಡಿ" ಅಂತ ಸೇರಿಸ್ತಾರಲ್ಲ, ಸಿಟ್ಟು ಬರೋದು ಅದಕ್ಕೆ.

ಸಿನಿಮಾದ ಮೊದಲಿಗರಲ್ಲಿ ಸೇರಿದ ಫ್ರಾನ್ಸಿನ ಲೂಮಿಯೇರ್ ಸೋದರರ ಕ್ಯಾಮೆರಾ ಕೈಯಲ್ಲಿ ತಿರುಗಿಸುವಂಥದ್ದು. ಹಿಡಿಕೆಯ ಒಂದು ಸುತ್ತಿಗೆ 8 ಫ್ರೇಮು (ಬಿಡಿ ಚಿತ್ರ), ಸೆಕೆಂಡಿಗೆ ಎರಡು ಸುತ್ತು; ಅಲ್ಲಿಗೆ ಸೆಕೆಂಡಿಗೆ 16. ಸುಮಾರು 17 ಮೀಟರ್ ರೀಲು 50 ಸೆಕೆಂಡಲ್ಲಿ ಮುಗೀತು. ಟಾಕಿ, ಅಂದರೆ ಮಾತಿನ ಚಿತ್ರ, ಬಂದ ಮೇಲೆ ಸೆಕೆಂಡಿಗೆ 24 ಕಾಯಂ ಆಯ್ತು. 16ರಲ್ಲಿ ತೆಗೆದದ್ದನ್ನು 24ರಲ್ಲಿ ಬಿಟ್ಟರೆ ಎಲ್ಲವೂ ಒಂದೂವರೆ ಪಟ್ಟು ಜೋರು.

ಸರಿಮಾಡೋದು ಕಷ್ಟವೇನಲ್ಲ. ಬ್ಯಾಂಡಿನವರ ಕವಾಯತು ನಡಿಗೆ ನಿಮಿಷಕ್ಕೆ ಸುಮಾರು 120 ಹೆಜ್ಜೆ. ಒಂದು ಹೆಜ್ಜೆಗೆ ಎಷ್ಟು ಫ್ರೇಮು ಎಣಿಸಿ. 8 ಬಂದರೆ ಅದು 16ರ ಚಿತ್ರ. ಅನುಮಾನವಿದ್ದರೆ ಬೀಳುವ ವಸ್ತು ಹುಡುಕಿ. ಎರಚಿದ ಕಾಗದದ ಚೂರು ಬೇಡ, ಗಾಳಿ ತೇಲಿಸುತ್ತೆ, ಭಾರದ್ದು ಬೇಕು. 1.2 ಮೀಟರ್ ಬೀಳೋದಕ್ಕೆ ಹತ್ತಿರಹತ್ತಿರ ಅರ್ಧ ಸೆಕೆಂಡು, 16ರ ಚಿತ್ರವಾದರೆ ಅಲ್ಲೂ 8 ಫ್ರೇಮು. ಆಮೇಲೆ ಎಡಿಟಿಂಗ್‌ನಲ್ಲಿ ಕ್ಲಿಪ್ಪಿಗೆ 16 ಅಂತ ಕೊಟ್ಟು 48ರ ಟೈಮ್‌ಲೈನಿಗೆ ಹಾಕಿ. ಪ್ರತಿ ಫ್ರೇಮು ಮೂರು ಸಲ, ಸಮವಾಗಿ. 24ರದ್ದಕ್ಕೆ ಹಾಕಿದರೆ ಒಂದು ಫ್ರೇಮು ಒಮ್ಮೆ, ಮುಂದಿನದು ಎರಡು ಸಲ. ಗಾಡಿಯ ಚಕ್ರ ಕುಂಟುತ್ತೆ. ಇಲ್ಲದ ಫ್ರೇಮು ಹೊಸೆದು 60 ಮಾಡುವ ಸಾಫ್ಟ್‌ವೇರ್ ಮಾತ್ರ ದಯವಿಟ್ಟು ಬೇಡ. ಬಾವುಟದ ಅಂಚು, ಹಾರುವ ಚೂರು ಎಲ್ಲ ಕಲಸಿಹೋಗುತ್ತೆ.

ಹಾಗಂತ ಎಲ್ಲಕ್ಕೂ 16 ಅಲ್ಲ. 1898ರ ಫೆಬ್ರವರಿ 22ರಂದು ಅಮೆರಿಕದ ನ್ಯೂ ಆರ್ಲಿಯನ್ಸ್‌ನ ಮಾರ್ಡಿ ಗ್ರಾ ಹಬ್ಬದಲ್ಲಿ ರೆಕ್ಸ್ ಅನ್ನೋ ಹಬ್ಬದ ರಾಜನ ಮೆರವಣಿಗೆಯನ್ನು ಅಮೆರಿಕನ್ ಮ್ಯೂಟೋಸ್ಕೋಪ್ ಕಂಪನಿ ಚಿತ್ರಿಸಿತು. ಸುಮಾರು ಎರಡು ನಿಮಿಷದ ಆ ಚಿತ್ರ 2022ರಲ್ಲಿ ಆಮ್‌ಸ್ಟರ್‌ಡ್ಯಾಮ್‌ನ ಐ ಫಿಲ್ಮ್ ಮ್ಯೂಸಿಯಂನಲ್ಲಿ ಸಿಕ್ಕಿತು. 68 ಮಿ.ಮೀ. ಫಿಲ್ಮು, ಆ ಕಂಪನಿಯ ಕ್ಯಾಮೆರಾ ಸೆಕೆಂಡಿಗೆ 30ರ ಮೇಲೇ ಓಡ್ತಿತ್ತು. 24ರಲ್ಲಿ ಹಾಕಿ ನೋಡಿ, ಜನ ತೂಕಡಿಸಿಕೊಂಡು ನಡೀತಾರೆ. ಕ್ಯಾಮೆರಾ ಬೈಯೋರು ಇದಕ್ಕೇನಂತೀರಿ?

ವೇಗ ಬಿಟ್ಟು, "ಇದರಲ್ಲಿ ಏನೇನು ಕಾಣಲ್ಲ?" ಅಂತ ಯಾರಾದರೂ ಕೇಳಬಾರದೇ. ಆ ಹಬ್ಬದ ಬಣ್ಣ ನೇರಳೆ, ಹಸಿರು, ಚಿನ್ನ. ಆಗಿನ ಫಿಲ್ಮು ನೀಲಿಗೆ ಚುರುಕು, ಕೆಂಪಿಗೆ ಹೆಚ್ಚುಕಮ್ಮಿ ಕುರುಡು. ನೇರಳೆ ತಿಳಿಯಾಗುತ್ತೆ, ಚಿನ್ನ ಕಪ್ಪಿಗೆ ವಾಲುತ್ತೆ. ರಾತ್ರಿಯಂತೂ ಪೂರ್ತಿ ಇಲ್ಲ. ರೆಕ್ಸ್ ಹಗಲಲ್ಲಿ ಹೊರಡುತ್ತಿದ್ದ, ಫಿಲ್ಮಿಗೆ ಸಿಕ್ಕ. ಅದೇ ಹಬ್ಬದ ಕೋಮಸ್‌ನಂಥ ರಾತ್ರಿ ಮೆರವಣಿಗೆಗಳಿಗೆ ಪಂಜಿನ ಬೆಳಕು. ಆ ಫಿಲ್ಮಿಗೆ ಅದು ಏನೇನೂ ಸಾಲದು. ಪಂಜು ಹೊತ್ತವರಲ್ಲಿ ಹೆಚ್ಚಿನವರು ಆಫ್ರಿಕನ್ ಅಮೆರಿಕನ್ ಕೂಲಿಕಾರರು. ಅವರು ಬೇಕೆಂದರೆ ಫಿಲ್ಮು ಪಕ್ಕಕ್ಕಿಟ್ಟು, ಆ ಕಾಲದ ಪತ್ರಿಕೆಗಳ ರೇಖಾಚಿತ್ರ ತೆಗೀಬೇಕು.