ಆ ಕೈದಿಯ ಪಾತ್ರ ಮಾಡಿದವನು ಆಮೇಲೆ ಎಲ್ಲಿ ಹೋದ?

ಜೈಲಿನಿಂದ ಪಾರಾಗುವ ಕೈದಿಯೊಬ್ಬನ ಕಥೆಯ ಫ್ರೆಂಚ್ ಸಿನಿಮಾ 'ಎ ಮ್ಯಾನ್ ಎಸ್ಕೇಪ್ಡ್' ನೋಡಿ ಅಂತ ಯಾರಿಗೇ ಹೇಳಲಿ, ನೋಡಿ ಮುಗಿಸಿದವರು ಮೊದಲು ಕೇಳುವುದು ಇದನ್ನೇ: "ಆ ಹೀರೋ ಯಾರು ಮಾರಾಯ್ರೇ? ಇಷ್ಟು ಚೆನ್ನಾಗಿ ಮಾಡಿದಾನೆ, ಮತ್ತೆ ಎಲ್ಲೂ ಕಾಣಿಸೋದೇ ಇಲ್ವಲ್ಲ?"

ಹೆಸರು ಫ್ರಾನ್ಸ್ವಾ ಲೆತೆರಿಯೆ. 1956ರಲ್ಲಿ ಈ ಚಿತ್ರ ಬಂದಾಗ ಅವರು ತತ್ವಶಾಸ್ತ್ರ ಓದಿಕೊಂಡಿದ್ದ ಹುಡುಗ, ನಟನೆಯ ಗಂಧಗಾಳಿ ಇರಲಿಲ್ಲ. ಆಯ್ಕೆಯಾದದ್ದೂ ಅದಕ್ಕೇ ಅನ್ನಿ. ನಿರ್ದೇಶಕ ರೊಬೆರ್ ಬ್ರೆಸೋನ್‌ಗೆ ವೃತ್ತಿನಟರೆಂದರೆ ಆಗುತ್ತಿರಲಿಲ್ಲ. ಮುಖದಲ್ಲಿ ಏನೂ ತೋರಿಸಬೇಡ, ಮಾತನ್ನು ಸುಮ್ನೆ ಹೇಳು ಅನ್ನೋ ಪೈಕಿ. ಅಭಿನಯದ ಕೊನೆಯ ಹನಿಯೂ ಸೋರಿಹೋಗುವ ತನಕ ಅದೇ ಶಾಟ್ ಮತ್ತೆ ಮತ್ತೆ ಮಾಡಿಸುತ್ತಿದ್ದರು.

ಕಥೆ ನಿಜವಾಗಿ ನಡೆದದ್ದು. 1943ರಲ್ಲಿ ಫ್ರಾನ್ಸಿನ ಲಿಯೋನ್ ಊರಿನ ಮೋಂಲುಕ್ ಜೈಲಿನಿಂದ ಆಂದ್ರೆ ದೆವಿನಿ ಅನ್ನುವವರು, ಆಗ ದೇಶವನ್ನು ಆಕ್ರಮಿಸಿಕೊಂಡಿದ್ದ ಜರ್ಮನ್ನರ ಕಣ್ಣು ತಪ್ಪಿಸಿ ಪಾರಾಗಿದ್ದರು. ಚಿತ್ರದಲ್ಲಿ ಆ ಚಮಚದ ಭಾಗ ನೆನಪಿದೆಯಲ್ವಾ? ಕಬ್ಬಿಣದ ಚಮಚವನ್ನು ನೆಲಕ್ಕೆ ಉಜ್ಜಿ ಉಜ್ಜಿ ಉಳಿ ಮಾಡಿಕೊಂಡು, ಬಾಗಿಲಿನ ಹಲಗೆಗಳ ಸಂದಿನಲ್ಲಿ ಚೂರು ಚೂರೇ ಕೆರೆಯುತ್ತಾನೆ, ಬಿದ್ದ ಪುಡಿಯನ್ನೂ ಬಳಿದು ಮುಚ್ಚಿಡುತ್ತಾನೆ. ನಾವು ನೋಡುತ್ತಿರುವುದು ಬರೀ ಎರಡು ಕೈ. ನಮಗೆ ಅದು ಅದ್ಭುತ ನಟನೆ, ಲೆತೆರಿಯೆಗೆ ಮಾತ್ರ ಹೇಳಿದ್ದೇ ನಟಿಸಬೇಡ ಅಂತ! ಹೀಗಿರುವಾಗ ಅದೇ ಬಂಡವಾಳ ಇಟ್ಟುಕೊಂಡು ಇನ್ನೊಬ್ಬ ನಿರ್ದೇಶಕರ ಹತ್ತಿರ ಪಾತ್ರ ಕೇಳುವುದು ಹೇಗೆ? ಬ್ರೆಸೋನ್ ಅವರಂತೂ ಒಮ್ಮೆ ತೆಗೆದುಕೊಂಡವರನ್ನು ಸಾಮಾನ್ಯವಾಗಿ ಮತ್ತೆ ಕರೆಯುತ್ತಿರಲಿಲ್ಲ.

ಹಾಗಂತ ಲೆತೆರಿಯೆ ಸಿನಿಮಾ ಬಿಡಲಿಲ್ಲ, ಕ್ಯಾಮೆರಾದ ಆ ಕಡೆ ಹೋಗಿ ನಿಂತರು, ಅಷ್ಟೇ. ಬ್ರೆಸೋನ್ ಚಿತ್ರಕ್ಕೆ ಸಹಾಯಕರಾಗಿದ್ದ ಲೂಯಿ ಮಾಲ್ 1958ರಲ್ಲಿ 'ಎಲಿವೇಟರ್ ಟು ದ ಗ್ಯಾಲೋಸ್' ತೆಗೆದಾಗ ಇವರು ಅದರಲ್ಲಿ ಸಹಾಯಕ ನಿರ್ದೇಶಕ. 1961ರಲ್ಲಿ ಸಿಮೋನ್ ಸಿನ್ಯೊರೆ ಅಂಥ ದೊಡ್ಡ ನಟಿಯನ್ನು ಇಟ್ಟುಕೊಂಡು 'ಲೆ ಮೊವೆ ಕೂ' ಮಾಡಿದರು. ನನಗೆ ಜಾಸ್ತಿ ಇಷ್ಟ 1963ರ 'ಅನ್ ರುವಾ ಸಾಂ ದಿವೆರ್ತಿಸ್ಮಾಂ'. ಕಾದಂಬರಿಕಾರ ಜಾನ್ ಜಿಯೋನೊ ತಮ್ಮ ಕಾದಂಬರಿಗೆ ತಾವೇ ಚಿತ್ರಕಥೆ ಬರೆದದ್ದು. ಕಲರ್ ಸಿನಿಮಾನೇ, ಆದರೆ ಎಲ್ಲಿ ನೋಡಿದರೂ ಹಿಮ, ಕಪ್ಪು ಬಟ್ಟೆ, ಬೂದು ಆಕಾಶ. ಅದರ ಮಧ್ಯೆ ಕೆಂಪು ಬಂದರೆ ಎದೆ ಝಲ್ಲೆನ್ನುತ್ತದೆ.

ಆಮೇಲಿನದ್ದನ್ನು ಅಷ್ಟೆಲ್ಲ ಹೊಗಳಲಾರೆ. 1977ರಲ್ಲಿ 'ಗುಡ್‌ಬೈ ಎಮ್ಯಾನ್ಯುಯೆಲ್' ಅಂತ ಶೃಂಗಾರದ ಸರಣಿಯ ಒಂದು ಕಂತು, 1981ರಲ್ಲಿ ಹಿಪ್ಪಿಗಳ ಮೇಲೊಂದು ಕಾಮಿಡಿ. ಬ್ರೆಸೋನ್ ಗರಡಿಯಿಂದ ಬಂದವರು ಇಲ್ಲಿಗೆ ಬರೋದಾ ಅಂತ ಕೆಲವರು ಮೂಗು ಮುರಿಯುತ್ತಾರೆ. ಸಿನಿಮಾವನ್ನೇ ಕಸುಬು ಮಾಡಿಕೊಂಡವರು ಸಿಕ್ಕ ಕೆಲಸ ಮಾಡಿದರೆ ತಪ್ಪೇನು, ಹೇಳಿ?

ಪರದೆ ಮೇಲೆ ಮತ್ತೆ ಕಾಣಿಸಿಕೊಳ್ಳಲೇ ಇಲ್ಲ ಅಂತಲೂ ಅಲ್ಲ. 1974ರಲ್ಲಿ ಅಲೆನ್ ರೆನೆ ಅವರ 'ಸ್ತಾವಿಸ್ಕಿ'ಯಲ್ಲಿ ಸಾಹಿತಿ ಆಂದ್ರೆ ಮಾಲ್ರೋ ಆಗಿ ಬಂದು ಹೋಗುತ್ತಾರೆ. ಚಿಕ್ಕ ಪಾತ್ರ, ಕಣ್ಣು ಮಿಟುಕಿಸಿದರೆ ತಪ್ಪಿಹೋಗುತ್ತದೆ.

ಇಷ್ಟು ಹೇಳಿದ ಮೇಲೆ ಇನ್ನೊಂದು ಪ್ರಶ್ನೆ ಬಂದೇ ಬರುತ್ತದೆ: 'ದಿ ಇನ್‌ಕ್ರೆಡಿಬಲ್ ಹಲ್ಕ್', 'ಫಾಸ್ಟ್ ಎಕ್ಸ್' ಮಾಡಿದ ಲೂಯಿ ಲೆತೆರಿಯೆ ಇವರಿಗೆ ಏನಾಗಬೇಕು? ಮಗ.