ಪೊಡ್ನಿಯೆಕ್ಸ್ ಚಿತ್ರಗಳ ಶಾಟ್ ಪಟ್ಟಿ: ಕೆಲಸ ಎಲ್ಲಿಗೆ ಬಂತು

ಲಾಟ್ವಿಯಾದ ಸಾಕ್ಷ್ಯಚಿತ್ರ ನಿರ್ದೇಶಕ ಯೂರಿಸ್ ಪೊಡ್ನಿಯೆಕ್ಸ್ (1950–1992) ಅವರ ಮುಖ್ಯ ಚಿತ್ರಗಳ ಶಾಟ್ ಪಟ್ಟಿ (ಕಡಿತವಿಲ್ಲದೆ ಚಿತ್ರಿಸಿದ ಒಂದೊಂದು ತುಣುಕನ್ನೂ ಒಂದೊಂದು ಸಾಲಿನಲ್ಲಿ ದಾಖಲಿಸುವ ಪಟ್ಟಿ) ಸಿದ್ಧಪಡಿಸುವ ಕೆಲಸ ಅರ್ಧಕ್ಕಿಂತ ಹೆಚ್ಚು ಮುಗಿದಿದೆ. ಮೊದಲು ಅವಧಿ, ದೃಶ್ಯ, ಧ್ವನಿ ಎಂಬ ಮೂರೇ ಅಂಕಣಗಳಿದ್ದವು. ಈಗ ‘ಮುಖ’ ಎಂಬ ನಾಲ್ಕನೆಯದನ್ನೂ ಸೇರಿಸಿದ್ದೇನೆ. ಒಂದು ಜನಾಂಗದ ನೆನಪನ್ನು ಅವರು ಹುಡುಕುವುದು ಮಾತಿಗಿಂತ ಹೆಚ್ಚಾಗಿ ಮುಖಗಳಲ್ಲಿ ಎಂಬುದು ಪಟ್ಟಿ ಬೆಳೆದಂತೆ ನನಗೆ ಖಚಿತವಾಗುತ್ತಿದೆ.

ಇದರ ಮೂಲ 1978ರಲ್ಲಿದೆ. ಹೆರ್ಟ್ಸ್ ಫ್ರಾಂಕ್ ನಿರ್ದೇಶಿಸಿದ, ಬೊಂಬೆಯಾಟ ನೋಡುತ್ತಿರುವ ಮಕ್ಕಳ ಹತ್ತು ನಿಮಿಷದ ಚಿತ್ರಕ್ಕೆ ಕ್ಯಾಮೆರಾ ಹಿಡಿದವರು ಪೊಡ್ನಿಯೆಕ್ಸ್. 35 ಎಂ.ಎಂ. ಫಿಲ್ಮಿನ 300 ಮೀಟರ್ ಸುರುಳಿ ಸುಮಾರು ಅಷ್ಟೇ ಹೊತ್ತು ಓಡುತ್ತದೆ. ಇಡೀ ಚಿತ್ರ ಒಂದೇ ಶಾಟ್. ರಂಗದ ಮೇಲೆ ಏನು ನಡೆಯುತ್ತಿದೆಯೆಂದು ನಮಗೆ ಒಮ್ಮೆಯೂ ಕಾಣಿಸುವುದಿಲ್ಲ. ಪುಟ್ಟ ಹುಡುಗನೊಬ್ಬನ ತುಟಿ ಬಿಗಿಯುತ್ತದೆ, ಕಣ್ಣು ಅರಳುತ್ತದೆ, ಮುಖ ಅಳುವಿನ ಅಂಚಿಗೆ ಹೋಗಿ ಮತ್ತೆ ತಿಳಿಯಾಗುತ್ತದೆ. ಪಟ್ಟಿಯಲ್ಲಿ ಇದಕ್ಕೆ ಒಂದೇ ಸಾಲು ಸಾಕು. ಆದರೆ ಆ ಸಾಲಿನ ನಾಲ್ಕನೇ ಅಂಕಣ ಪುಟಗಟ್ಟಲೆ ಬೆಳೆದಿದೆ, ಅದನ್ನು ಮೊಟಕುಗೊಳಿಸಲು ನನಗೆ ಮನಸ್ಸಿಲ್ಲ.

1982ರ ಲಾಟ್ವಿಯನ್ ರೈಫಲ್‌ದಳದವರ ಚಿತ್ರದಲ್ಲಿ ಅದೇ ತಾಳ್ಮೆ ವೃದ್ಧರತ್ತ ತಿರುಗಿದೆ. 1915ರಲ್ಲಿ ಜರ್ಮನ್ ಸೇನೆಯನ್ನು ತಡೆಯಲು ರಷ್ಯಾ ಸಾಮ್ರಾಜ್ಯದ ಸೈನ್ಯದಲ್ಲಿ ಹುಟ್ಟಿದ ಈ ದಳಗಳ ಬಹುಪಾಲು ಸೈನಿಕರು 1917ರಲ್ಲಿ ಬೊಲ್ಶೆವಿಕರ ಪಕ್ಷ ಹಿಡಿದರು. ಆಮೇಲೆ ಕೆಲವರು ಸ್ವತಂತ್ರ ಲಾಟ್ವಿಯಾಕ್ಕೆ ಮರಳಿದರೆ, ಸೋವಿಯತ್ ನೆಲದಲ್ಲೇ ಉಳಿದ ಅನೇಕರು 1937–38ರ ಸ್ಟಾಲಿನ್ ದಮನಕ್ಕೆ ಬಲಿಯಾದರು. ಬದುಕುಳಿದವರ ಮುಪ್ಪಿನ ಮುಖಗಳ ಮೇಲೆ ಕ್ಯಾಮೆರಾ ನಿಂತಾಗ, ಸೋವಿಯತ್ ಕಾಲದಲ್ಲಿ ಬಾಯಿಬಿಟ್ಟು ಹೇಳಲಾಗದ ಈ ಇತಿಹಾಸವನ್ನು ನೋಡುಗ ತಾನೇ ಓದಿಕೊಳ್ಳಬೇಕಾಗುತ್ತದೆ.

ಯುವಜನರ ಕುರಿತ 1986ರ ಪ್ರಸಿದ್ಧ ಚಿತ್ರದ ಪಟ್ಟಿ ಬೇಗ ಸಾಗಿತು. 1985ರಲ್ಲಿ ಒಗ್ರೆ ಊರಿನಲ್ಲಿ ನಡೆದ ‘ಪೇರ್ಕೊನ್ಸ್’ ತಂಡದ ರಾಕ್ ಸಂಗೀತದಲ್ಲಿ ಮೈಮರೆತ ಮುಖಗಳಿಂದ ಚಿತ್ರ ಆರಂಭವಾಗಿ, ವಾಪಸು ಬರುವಾಗ ರೈಲು ಬೋಗಿಗಳನ್ನು ಧ್ವಂಸ ಮಾಡಿದ ಹುಡುಗರ ವಿಚಾರಣೆಗೂ, ಅಫ್ಘಾನಿಸ್ತಾನದಿಂದ ಮರಳಿದ ಯೋಧರತ್ತಲೂ ಹೊರಳುತ್ತದೆ.

ಈಗ ಕೈಯಲ್ಲಿರುವುದು ಬಾಲ್ಟಿಕ್ ಜನರ ಹಾಡುಹಬ್ಬಗಳ ಕುರಿತ 1990ರ ಚಿತ್ರ. ಲಾಟ್ವಿಯಾದಲ್ಲಿ 1873ರಿಂದ ನಡೆದುಬಂದ ಈ ಸಾಮೂಹಿಕ ಗಾಯನ ಆ ಹೊತ್ತಿಗೆ ಸೋವಿಯತ್ ಆಳ್ವಿಕೆಯಿಂದ ಬಿಡುಗಡೆಯ ಕೂಗೇ ಆಗಿತ್ತು. ಮರುವರ್ಷ ಜನವರಿ 20ರಂದು ರೀಗಾ ನಗರದ ಬಾಸ್ಟಿಯನ್ ಗುಡ್ಡದ ಬಳಿ ಸೋವಿಯತ್ ವಿಶೇಷ ಪೊಲೀಸ್ ಪಡೆಯ ದಾಳಿಯನ್ನು ಚಿತ್ರೀಕರಿಸುತ್ತಿದ್ದಾಗ ತಂಡದ ಛಾಯಾಗ್ರಾಹಕ ಆಂದ್ರಿಸ್ ಸ್ಲಾಪಿಂಷ್ ಗುಂಡಿಗೆ ಬಲಿಯಾದರು. ಗಾಯಗೊಂಡ ತಂಡದ ಇನ್ನೊಬ್ಬ ಛಾಯಾಗ್ರಾಹಕ ಗ್ವಿಡೊ ಜ್ವೈಗ್ಜ್ನೆ ಫೆಬ್ರವರಿಯಲ್ಲಿ ತೀರಿಕೊಂಡರು. ಹಾಡುವವರ ಮುಖಗಳನ್ನು ಗುಂಪಾಗಿ ಒಂದೇ ಸಾಲಿನಲ್ಲಿ ಬರೆಯದೆ, ಕ್ಯಾಮೆರಾ ಹತ್ತಿರ ಹೋದ ಪ್ರತಿಯೊಂದನ್ನೂ ಬೇರೆಬೇರೆಯಾಗಿ ದಾಖಲಿಸಬೇಕೆಂದು ನಿರ್ಧರಿಸಿ, ಆರಂಭದ ಭಾಗವನ್ನು ಮತ್ತೆ ಹಾಗೆಯೇ ಬರೆಯುತ್ತಿದ್ದೇನೆ.