‘ಇಲ್ಲ’ ಅಂತ ಹೇಳೋಕೆ ಇಡೀ ಚೂರು ನೋಡಬೇಕು

ದಾವಣಗೆರೆಯ ಒಂದು ಹಿಸ್ಟೋಪೆಥಾಲಜಿ ಲ್ಯಾಬ್‌ನಲ್ಲಿ ನಾನು ಟೆಕ್ನಿಶಿಯನ್. ರೋಗಿಯ ಮೈಯಿಂದ ಪರೀಕ್ಷೆಗೆ ತೆಗೆದು ಆಪರೇಷನ್ ಥಿಯೇಟರಿನಿಂದ ಕಳಿಸಿದ ಚೂರನ್ನು (ಹೀಗೆ ತೆಗೆಯೋದೇ ಬಯಾಪ್ಸಿ) ಮೇಣದಲ್ಲಿ ಕೂರಿಸಿ, ತೆಳ್ಳಗೆ ಕೊಯ್ದು, ಬಣ್ಣ ಹಾಕಿ ಸ್ಲೈಡ್ ಮಾಡೋದು ನನ್ನ ಕೆಲಸ. ಅದನ್ನು ನೋಡಿ ಇಂಥ ಕಾಯಿಲೆ ಅಂತ ಹೇಳೋರು ನಮ್ಮ ಪೆಥಾಲಜಿಸ್ಟ್ ಮೇಡಂ. ಜಗಳೂರು, ಹರಪನಹಳ್ಳಿ, ಹೊಳಲ್ಕೆರೆ ಕಡೆಯಿಂದ ಮಕ್ಕಳನ್ನು ಕರೆತಂದ ತಂದೆತಾಯಿ ಕೌಂಟರಿನಲ್ಲಿ ಬಾಟಲಿ ಕೊಡುತ್ತಾ ಕೇಳೋದು ಸಾಮಾನ್ಯವಾಗಿ ಒಂದೇ ಪ್ರಶ್ನೆ: “ಬಯಾಪ್ಸಿ ಅಂದ್ರೆ ಕ್ಯಾನ್ಸರ್ ಏನ್ರೀ ಅಕ್ಕಾರ?”

ಹಾಗೇನಿಲ್ಲ. ಮಕ್ಕಳಲ್ಲಿ ಎಷ್ಟೋ ಸಲ ಕ್ಯಾನ್ಸರಿಗೆ ಸಂಬಂಧವೇ ಇಲ್ಲದ ಕಾಯಿಲೆಗೆ ಚೂರು ತೆಗೆಯುತ್ತಾರೆ. ನನ್ನ ಮನಸ್ಸಿಗೆ ಎಲ್ಲಕ್ಕಿಂತ ಹತ್ತಿರವಾಗಿರೋದು ಹಸುಗೂಸುಗಳ ಕರುಳಿನ ಬಯಾಪ್ಸಿ.

ಹುಟ್ಟಿದ ಮಗು ಮೊದಲ ದಿನ, ತಡ ಅಂದ್ರೆ ಎರಡನೇ ದಿನ, ಕಪ್ಪಗೆ ಅಂಟಂಟಾದ ಮಲ ಮಾಡಬೇಕು. ಕೆಲವು ಕೂಸುಗಳು ಮಾಡೋದಿಲ್ಲ. ಹೊಟ್ಟೆ ಉಬ್ಬುತ್ತದೆ, ಹಸಿರು ವಾಂತಿಯಾಗುತ್ತದೆ. ಮನೆಯಲ್ಲಿ ಅಜ್ಜಿ ವೀಳ್ಯದೆಲೆ ತೊಟ್ಟನ್ನು ಹರಳೆಣ್ಣೆಯಲ್ಲಿ ಅದ್ದಿ ಇಡುತ್ತಾರೆ. ಒಂದಿಷ್ಟು ಹೋಗುತ್ತದೆ, ಸದ್ಯ ಸರಿಯಾಯ್ತು ಅಂದುಕೊಳ್ಳುತ್ತಾರೆ. ನಾಲ್ಕು ದಿನಕ್ಕೆ ಮತ್ತೆ ಅದೇ ಕಥೆ. ಹೀಗೇ ತಿಂಗಳುಗಟ್ಟಲೆ ಎಳೆದ ಮಕ್ಕಳೂ ಬರುತ್ತಾರೆ, ಕೈಕಾಲು ಕಡ್ಡಿ, ಹೊಟ್ಟೆ ಮಾತ್ರ ಗುಡಾಣ.

ಕರುಳು ತನ್ನೊಳಗಿದ್ದದ್ದನ್ನು ಮುಂದಕ್ಕೆ ತಳ್ಳಬೇಕಾದರೆ ಅದರ ಗೋಡೆಯಲ್ಲಿ ಗ್ಯಾಂಗ್ಲಿಯಾನ್ ಅನ್ನೋ ನರಕೋಶಗಳು ಇರಬೇಕು. ತಾಯಿಯ ಹೊಟ್ಟೆಯಲ್ಲಿರುವಾಗ ಈ ಕೋಶಗಳು ಮೇಲಿನಿಂದ ಕೆಳಕ್ಕೆ ಇಳಿಯುತ್ತಾ ಬರುತ್ತವೆ. ಕೆಲವು ಮಕ್ಕಳಲ್ಲಿ ಕೊನೆಯವರೆಗೆ ಮುಟ್ಟೋದೇ ಇಲ್ಲ. ಕೋಶ ಇಲ್ಲದ ಭಾಗ ಬಿಗಿದುಕೊಂಡೇ ಇರುತ್ತದೆ. ಸುಮಾರು 5000 ಮಕ್ಕಳಿಗೆ ಒಬ್ಬರಲ್ಲಿ ಹೀಗಾಗುತ್ತದೆ. ಡೆನ್ಮಾರ್ಕಿನ ಮಕ್ಕಳ ವೈದ್ಯ ಹರಾಲ್ಡ್ ಹಿರ್ಷ್‌ಸ್ಪ್ರುಂಗ್ 1886ರಲ್ಲಿ ಬರ್ಲಿನ್‌ನಲ್ಲಿ ಹೀಗೆ ತೀರಿಕೊಂಡ ಎರಡು ಕೂಸುಗಳ ಬಗ್ಗೆ ಹೇಳಿದ್ದರಿಂದ ಕಾಯಿಲೆಗೆ ಅವರ ಹೆಸರೇ ಬಂತು. ಆಗ ಎಲ್ಲರ ಕಣ್ಣೂ ಉಬ್ಬಿದ ದೊಡ್ಡ ಕರುಳಿನ ಮೇಲೆ. ತೊಂದರೆ ಇರೋದು ಅದರ ಕೆಳಗಿನ, ನೋಡೋಕೆ ಚೆನ್ನಾಗೇ ಇರೋ ಸಪೂರ ಭಾಗದಲ್ಲಿ. ಇದು ಖಚಿತವಾಗಿ, ಆ ಭಾಗವನ್ನೇ ತೆಗೆಯೋ ಆಪರೇಷನ್ ಬಂದದ್ದು 1948ರಲ್ಲಿ, ಸ್ವೆನ್ಸನ್ ಮತ್ತು ಬಿಲ್ ಅನ್ನೋ ಸರ್ಜನ್‌ಗಳಿಂದ. ಕಣ್ಣಿಗೆ ಚೆನ್ನಾಗಿ ಕಾಣೋದನ್ನೇ ಸ್ಲೈಡಿನಲ್ಲಿ ನೋಡಬೇಕು ಅನ್ನೋದು ನನಗೆ ಇವತ್ತಿಗೂ ಬೆರಗು.

ನಮ್ಮ ಕೈಗೆ ಬರೋ ಚೂರು ಅಕ್ಕಿ ನುಚ್ಚಿನಷ್ಟು. ಅದನ್ನು ಮೈಕ್ರೋಟೋಮಿನಲ್ಲಿ 3-4 ಮೈಕ್ರಾನ್ ದಪ್ಪಕ್ಕೆ ಕೊಯ್ಯಬೇಕು. ಒಂದು ಮಿಲಿಮೀಟರ್ ಅಂದ್ರೆ 1000 ಮೈಕ್ರಾನ್, ಲೆಕ್ಕ ಹಾಕಿಕೊಳ್ಳಿ. ಬ್ಲೇಡಿನಿಂದ ರಿಬ್ಬನ್ ಥರ ಇಳಿಯೋ ಮೇಣದ ಪಟ್ಟಿಯನ್ನು ಬಿಸಿನೀರಿನ ಮೇಲೆ ಬಿಟ್ಟು ಸ್ಲೈಡಿಗೆ ಎತ್ತಿಕೊಳ್ಳುತ್ತೇನೆ. ಫ್ಯಾನ್ ಹಾಕೋ ಹಾಗಿಲ್ಲ, ಜೋರಾಗಿ ಉಸಿರು ಬಿಡೋ ಹಾಗೂ ಇಲ್ಲ. ಒಂದೊಂದು ಸ್ಲೈಡಿಗೂ ನಂಬರ್.

ಒಂದು ಗ್ಯಾಂಗ್ಲಿಯಾನ್ ಕೋಶ ಸಿಕ್ಕರೆ ಮೇಡಂ ‘ಇದೆ’ ಅಂತ ಬರೆಯಬಹುದು. ‘ಇಲ್ಲ’ ಅಂತ ಬರೆಯಬೇಕಾದರೆ ಚೂರು ಮುಗಿಯುವವರೆಗೆ ನೋಡಬೇಕು. ಹಸುಗೂಸಿನಲ್ಲಿ ಈ ಕೋಶಗಳು ಇನ್ನೂ ಬಲಿತಿರೋದಿಲ್ಲ, ಬೇರೆ ಕೋಶಗಳ ನಡುವೆ ಕಳೆದುಹೋಗುತ್ತವೆ. ಆ ‘ಇಲ್ಲ’ದ ಮೇಲೆ ಒಂದು ಕೂಸಿನ ಕರುಳು ಕತ್ತರಿಸುತ್ತಾರೆ. ಅನುಮಾನ ಇದ್ದರೆ ಕ್ಯಾಲ್‌ರೆಟಿನಿನ್ ಅನ್ನೋ ಇನ್ನೊಂದು ಬಣ್ಣದ ಪರೀಕ್ಷೆ ಇದೆ. ಸರಿಯಿರುವ ಕರುಳಿನಲ್ಲಿ ಸಣ್ಣ ನರದ ಎಳೆಗಳು ಕಂದು ಬಣ್ಣಕ್ಕೆ ತಿರುಗುತ್ತವೆ, ಈ ಕಾಯಿಲೆಯಲ್ಲಿ ತಿರುಗೋದಿಲ್ಲ. ಚೂರಿನಲ್ಲಿ ಒಳಪೊರೆಯ ಕೆಳಗಿನ ಪದರ ಸಾಕಷ್ಟು ಬಂದಿಲ್ಲದಿದ್ದರೆ ಮೇಡಂ ‘ಸಾಲದು, ಮತ್ತೆ ಕಳಿಸಿ’ ಅಂತ ಬರೆದುಬಿಡುತ್ತಾರೆ. ಮನೆಯವರಿಗೆ ಸಿಟ್ಟು ಬರುತ್ತದೆ, ಸಹಜ. ಆದರೂ ಊಹೆ ಮಾಡಿ ಬರೆಯೋದಕ್ಕಿಂತ ಅದು ಸಾವಿರ ಪಾಲು ವಾಸಿ.

ಆಪರೇಷನ್ ದಿನ ಇನ್ನೊಂದು ಥರದ ಕೆಲಸ. ಕರುಳಿನ ಚೂರು ಹಸಿಯಾಗೇ ಬರುತ್ತದೆ. ಕ್ರಯೋಸ್ಟಾಟ್‌ನಲ್ಲಿ ಮೈನಸ್ 20 ಡಿಗ್ರಿ ಹತ್ತಿರ ಗಟ್ಟಿ ಮಾಡಿ ಕೊಯ್ದು ಕೊಡಬೇಕು. ಥಿಯೇಟರಿನಲ್ಲಿ ಕೂಸು ಮಲಗಿದೆ, ಸರ್ಜನ್ ಕಾಯುತ್ತಿದ್ದಾರೆ. ಕೋಶ ಎಲ್ಲಿಂದ ಶುರು ಅಂತ ಮೇಡಂ ಫೋನಿನಲ್ಲಿ ಹೇಳಿದ ಮೇಲೇ ಅವರು ಎಲ್ಲಿ ಜೋಡಿಸಬೇಕು ಅಂತ ತೀರ್ಮಾನ ಮಾಡೋದು.

ಕುತ್ತಿಗೆ ಗಂಟಿನ ಮಾತು ಬೇರೆ. ನೆಗಡಿ, ಹುಳುಕು ಹಲ್ಲು, ತಲೆಯ ಗಾಯ, ಯಾವುದಕ್ಕೂ ಮಕ್ಕಳಿಗೆ ಗಂಟು ಬರುತ್ತದೆ, ಹೋಗುತ್ತದೆ. ವಾರಗಟ್ಟಲೆ ಇಳಿಯದೆ ಬೆಳೆಯುತ್ತಿದ್ದರೆ, ಜ್ವರ, ತೂಕ ಇಳಿಯೋದು ಜೊತೆಗಿದ್ದರೆ ಪರೀಕ್ಷೆ ಮಾಡಿಸಲೇಬೇಕು. “ಚುಚ್ಚಿದ್ರೆ ಹಬ್ಬತೈತಂತೆ” ಅಂತ ಕೂತರೆ ಅದು ಟಿಬಿಯೋ ಲಿಂಫೋಮಾ ಅನ್ನೋ ಕ್ಯಾನ್ಸರೋ ಗೊತ್ತಾಗೋದು ಹೇಗೆ? ಎರಡಕ್ಕೂ ಚಿಕಿತ್ಸೆ ಇದೆ, ಆದರೆ ಒಂದರ ಔಷಧಿ ಇನ್ನೊಂದಕ್ಕೆ ಆಗೋದಿಲ್ಲ. ಮೊದಲೇ ಚುಚ್ಚಬಾರದ ಗಡ್ಡೆಗಳೂ ಇವೆ, ಕಿಡ್ನಿಯ ಕೆಲವು ಗಡ್ಡೆಗಳ ಹಾಗೆ. ಅದನ್ನು ಡಾಕ್ಟರೇ ನೋಡಿಕೊಳ್ಳುತ್ತಾರೆ.

ಗಂಟು ಕಳಿಸೋ ಆಸ್ಪತ್ರೆಯವರಿಗೆ ಎರಡು ಮಾತು. ಟಿಬಿ ಅನುಮಾನ ಇದ್ದರೆ ಒಂದು ಚೂರನ್ನು ಸಲೈನಿನಲ್ಲಿ ಬೇರೆ ಕಳಿಸಿ. ಎಲ್ಲವನ್ನೂ ಫಾರ್ಮಲಿನ್‌ಗೆ (ಚೂರು ಕೆಡದ ಹಾಗೆ ಇಡೋ ದ್ರವ) ಹಾಕಿದರೆ ರೋಗಾಣು ಸಾಯುತ್ತದೆ, ಕಲ್ಚರ್, ಅಂದ್ರೆ ರೋಗಾಣುವನ್ನು ಬೆಳೆಸಿ ನೋಡೋದು, ಮಾಡೋಕಾಗೋದಿಲ್ಲ. ಫಾರಂನಲ್ಲಿ ಮಗುವಿನ ವಯಸ್ಸು ಬರೆಯಿರಿ. ಎಷ್ಟೋ ಸಲ ಸುಮ್ನೆ ‘ನೋಡ್ ಬಯಾಪ್ಸಿ’, ಅಂದ್ರೆ ಗಂಟಿನ ಬಯಾಪ್ಸಿ, ಅಂತಷ್ಟೇ ಇರುತ್ತದೆ. ಮಕ್ಕಳ ಗಡ್ಡೆಗಳಲ್ಲಿ ಸಣ್ಣ, ದುಂಡನೆಯ, ನೀಲಿ ಕೋಶಗಳೇ ಜಾಸ್ತಿ, ಒಂದರ ಹಾಗೇ ಇನ್ನೊಂದು. ಎರಡು ವರ್ಷದ ಮಗುವಿನಲ್ಲಿ ಮೊದಲು ಯೋಚಿಸೋ ಕಾಯಿಲೆಯೇ ಬೇರೆ, ಹದಿನಾಲ್ಕರ ಹುಡುಗನಲ್ಲೇ ಬೇರೆ.

ತಂದೆತಾಯಿಗೆ ಒಂದು ಮಾತು. ಮಗುವನ್ನು ಮುಂದಿನ ಚಿಕಿತ್ಸೆಗೆ ಬೆಂಗಳೂರಿನ ಕಿದ್ವಾಯಿ ಕ್ಯಾನ್ಸರ್ ಆಸ್ಪತ್ರೆಗೋ ಬೇರೆ ಕಡೆಗೋ ಕರೆದುಕೊಂಡು ಹೋಗೋದಾದರೆ ರಿಪೋರ್ಟ್ ಒಂದೇ ಸಾಲದು, ಅಲ್ಲಿ ಬ್ಲಾಕ್ ಮತ್ತು ಸ್ಲೈಡ್ ಕೇಳಬಹುದು. ಬ್ಲಾಕ್ ಅಂದ್ರೆ ಮಗುವಿನ ಚೂರು ಕೂತಿರೋ ಪುಟ್ಟ ಮೇಣದ ತುಂಡು. ಲ್ಯಾಬಿನಲ್ಲಿ ಅರ್ಜಿ ಕೊಟ್ಟು, ಸಹಿ ಮಾಡಿ ತೆಗೆದುಕೊಳ್ಳಿ. ಬೇಸಿಗೆಯಲ್ಲಿ ಕಾರಿನ ಡ್ಯಾಶ್‌ಬೋರ್ಡ್ ಮೇಲೆ ಮಾತ್ರ ಇಡಬೇಡಿ, ಮೇಣ ಕರಗುತ್ತದೆ. ಸ್ಲೈಡನ್ನು ಬಟ್ಟೆಯ ನಡುವೆ ಇಟ್ಟು, ಬ್ಯಾಗನ್ನು ತೊಡೆಯ ಮೇಲೇ ಇಟ್ಟುಕೊಂಡು ಹೋಗಿ.